ಎಂಬತ್ತೆಂಟನೇ ನಂಬರಿನ ನ್ಯಾಯಮೂರ್ತಿ

ಅಮೆರಿಕನ್ ಫುಟ್‌ಬಾಲ್ ಅಂದರೆ ನಮ್ಮಲ್ಲಿ ಬಹಳ ಜನಕ್ಕೆ ಹೆಲ್ಮೆಟ್ಟು, ಭುಜದ ಮೇಲಿನ ದಪ್ಪ ಪ್ಯಾಡು, ಒಬ್ಬರ ಮೇಲೊಬ್ಬರು ಬೀಳುವ ದಾಂಡಿಗರು, ಅಷ್ಟೆ. ಆ ರಾಶಿಯ ಅಡಿಯಲ್ಲಿ ಏನು ನಡೆಯುತ್ತದೆ ಅನ್ನುವುದನ್ನು ಮೊದಲು ಬಿಡಿಸಿ ಹೇಳುತ್ತೇನೆ. ಅದು ಗೊತ್ತಾಗದೆ ಅಲನ್ ಪೇಜ್ ಎಂಬ ಮನುಷ್ಯ ಗೊತ್ತಾಗುವುದಿಲ್ಲ. ಹದಿನೈದು ವರ್ಷ ವೃತ್ತಿ ಫುಟ್‌ಬಾಲ್ ಆಡಿ, ಆಮೇಲೆ ಇಪ್ಪತ್ತೆರಡು ವರ್ಷಕ್ಕೂ ಹೆಚ್ಚು ಕಾಲ ಮಿನೆಸೋಟ ರಾಜ್ಯದ ಸುಪ್ರೀಂ ಕೋರ್ಟಿನಲ್ಲಿ ಕೂತವರು ಇವರು. ಆಟಗಾರ ಜಡ್ಜ್ ಆದ ಅಂತ ಇದನ್ನು ವಿಚಿತ್ರದ ಸುದ್ದಿಯಾಗಿ ಬರೆಯುವವರೇ ಹೆಚ್ಚು. ನನಗೇನೋ ಅದರಲ್ಲಿ ವಿಚಿತ್ರ ಕಾಣುವುದಿಲ್ಲ. ಎರಡೂ ಕಡೆ ಅವರು ಕೇಳಿದ್ದು ಒಂದೇ ಪ್ರಶ್ನೆ: ನಿಯಮ ಏನು, ಅದು ಎಲ್ಲಿ ಬರೆದಿದೆ?

ಸರಿ, ಆಟಕ್ಕೆ ಬರೋಣ. ಒಂದೊಂದು ಕಡೆ ಹನ್ನೊಂದು ಜನ. ಚೆಂಡು ಇರುವ ತಂಡಕ್ಕೆ ನಾಲ್ಕು ಅವಕಾಶ. ಅಷ್ಟರೊಳಗೆ ಹತ್ತು ಗಜ ಮುಂದೆ ಹೋಗಬೇಕು. ಹೋದರೆ ಮತ್ತೆ ನಾಲ್ಕು ಅವಕಾಶ, ಇಲ್ಲದಿದ್ದರೆ ಚೆಂಡು ಎದುರಾಳಿಗೆ. ಪ್ರತಿ ಅವಕಾಶವೂ ಶುರುವಾಗುವುದು ಸ್ನ್ಯಾಪ್‌ನಿಂದ. ಸಾಲಿನ ನಡುವೆ ಬಗ್ಗಿ ನಿಂತ ಸೆಂಟರ್ ನೆಲದ ಮೇಲಿರುವ ಚೆಂಡನ್ನು ಕಾಲುಗಳ ನಡುವಿನಿಂದ ಹಿಂದಿರುವ ಕ್ವಾರ್ಟರ್‌ಬ್ಯಾಕ್ ಕೈಗೆ ಕೊಡುತ್ತಾನೆ. ಕ್ವಾರ್ಟರ್‌ಬ್ಯಾಕ್ ಅದನ್ನು ಓಡುವವನಿಗೆ ಕೊಡಬಹುದು, ದೂರಕ್ಕೆ ಎಸೆಯಬಹುದು. ಅವನ ಮುಂದೆ ಐದು ಜನರ ಗೋಡೆ: ಸೆಂಟರ್, ಅವನ ಅಕ್ಕಪಕ್ಕ ಇಬ್ಬರು ಗಾರ್ಡ್‌ಗಳು, ಅವರಾಚೆ ಇಬ್ಬರು ಟ್ಯಾಕಲ್‌ಗಳು. ಪೇಜ್ ಅವರ ಕಾಲದಲ್ಲಿ ಆ ಗೋಡೆಗೆ ಎದುರಾಗಿ ರಕ್ಷಣೆಯವರು ನಾಲ್ಕು ಜನ ನಿಲ್ಲುತ್ತಿದ್ದರು. ತುದಿಯ ಇಬ್ಬರು ಎಂಡ್‌ಗಳು, ನಡುವಿನ ಇಬ್ಬರು ಡಿಫೆನ್ಸಿವ್ ಟ್ಯಾಕಲ್‌ಗಳು. ಪೇಜ್ ಬಲಗಡೆಯ ಡಿಫೆನ್ಸಿವ್ ಟ್ಯಾಕಲ್. ಎದುರು ತಂಡದ ಎಡ ಗಾರ್ಡ್ ಅವರ ಮೂತಿಗೆ ಮೂತಿ.

ಈ ಜಾಗದಲ್ಲಿ ನಿಂತವನ ಕೈಯಲ್ಲಿರುವ ಸಮಯ ಎರಡೂವರೆ, ಮೂರು ಸೆಕೆಂಡು. ಅಷ್ಟರಲ್ಲಿ ಕ್ವಾರ್ಟರ್‌ಬ್ಯಾಕ್ ಕೈಯಿಂದ ಚೆಂಡು ಬಿಟ್ಟುಹೋಗಿರುತ್ತದೆ. ಆದ್ದರಿಂದ ಮೊದಲ ಹೆಜ್ಜೆಯಲ್ಲೇ ಅರ್ಧ ಕೆಲಸ ಮುಗಿದಿರಬೇಕು. ಎರಡು ಕಾಲು, ಒಂದು ಕೈ ನೆಲದ ಮೇಲೆ. ಸೊಂಟ ಎತ್ತರ, ಬೆನ್ನು ಚಪ್ಪಟೆ, ಭಾರವೆಲ್ಲ ಮುಂದಕ್ಕೆ. ಕಣ್ಣು ಚೆಂಡಿನ ಮೇಲೆ. ಇಲ್ಲಿ ಹೊಸಬರು ಮಾಡುವ ತಪ್ಪು ಅಂದರೆ ಕಣ್ಣಿನ ಬದಲು ಕಿವಿಯನ್ನು ನಂಬುವುದು. ಕ್ವಾರ್ಟರ್‌ಬ್ಯಾಕ್ ಕೂಗಿ ಎಣಿಸುತ್ತಾನೆ. ನಡುವೆ ಒಂದು ಪದವನ್ನು ಬೇಕೆಂದೇ ಜೋರಾಗಿ ಒತ್ತಿ ಹೇಳುತ್ತಾನೆ. ಕಿವಿ ಕೊಟ್ಟವನು ಚೆಂಡು ಕದಲುವ ಮೊದಲೇ ನುಗ್ಗಿ ಐದು ಗಜದ ದಂಡ ತೆರುತ್ತಾನೆ. ಚೆಂಡನ್ನು ಮಾತ್ರ ನೋಡುವವನಿಗೆ ಈ ಮೋಸ ನಡೆಯದು.

ಚೆಂಡಿನ ಜೊತೆಗೆ ಓದಬೇಕಾದ ಇನ್ನೊಂದು ಪುಸ್ತಕ ಎದುರಿನ ಗಾರ್ಡ್. ಅವನ ಕೈಯ ಗೆಣ್ಣುಗಳು ನೆಲಕ್ಕೆ ಒತ್ತಿ ಬಿಳಿಚಿಕೊಂಡಿದ್ದರೆ ಭಾರ ಮುಂದಿದೆ, ಅವನು ಮೈಮೇಲೆ ಬೀಳುತ್ತಾನೆ, ಅಂದರೆ ಓಟದ ಆಟ. ಕೈ ಹಗುರವಾಗಿ, ಹಿಮ್ಮಡಿಯ ಮೇಲೆ ಕೂತಂತಿದ್ದರೆ ಅವನು ಹಿಂದೆ ಸರಿಯುತ್ತಾನೆ, ಇಲ್ಲವೇ ಪಕ್ಕಕ್ಕೆ ಓಡುತ್ತಾನೆ. ಒಳ್ಳೆಯ ಗಾರ್ಡ್‌ಗಳು ಇದನ್ನು ಮುಚ್ಚಿಡುತ್ತಾರೆ. ಪಂದ್ಯದ ನಾಲ್ಕನೆಯ, ಅಂದರೆ ಕೊನೆಯ, ಕಾಲು ಭಾಗದಲ್ಲಿ ದಣಿದಾಗ ಎಲ್ಲರದ್ದೂ ಬಯಲಾಗುತ್ತದೆ.

ಪೇಜ್ ಆರು ಅಡಿ ನಾಲ್ಕು ಅಂಗುಲ, 245 ಪೌಂಡ್, ನಮ್ಮ ಲೆಕ್ಕದಲ್ಲಿ 111 ಕಿಲೊ. ಆ ಜಾಗಕ್ಕೆ ಇದು ಹಗುರದ ಮೈ. ತಳ್ಳಾಟಕ್ಕೆ ನಿಂತರೆ ಗೆಲ್ಲುವಂಥದ್ದಲ್ಲ. ಅದಕ್ಕೇ ಅವರು ತಳ್ಳಾಟಕ್ಕೆ ನಿಲ್ಲಲಿಲ್ಲ. ಗಾರ್ಡ್ ಎದ್ದು ನಿಲ್ಲುವ ಮೊದಲೇ ಅವನಿಗೂ ಸೆಂಟರಿಗೂ ನಡುವಿನ ಸಂದಿಯಲ್ಲಿ ಭುಜ ತೂರಿಸಿ ಆಚೆ ಇರುತ್ತಿದ್ದರು. ಆಗಿನ ನಿಯಮವೂ ಸ್ವಲ್ಪ ನೆರವಿಗಿತ್ತು. ಗೋಡೆಯವರು ತೋಳು ಚಾಚಿ ಅಂಗೈಯಿಂದ ತಡೆಯುವುದಕ್ಕೆ ಪೂರ್ತಿ ಅನುಮತಿ ಸಿಕ್ಕಿದ್ದು 1978ರಲ್ಲಿ. ರಕ್ಷಣೆಯವರು ಎದುರಾಳಿಯ ಹೆಲ್ಮೆಟ್ಟಿಗೆ ಪಟಾರನೆ ಬಾರಿಸುವುದನ್ನು ನಿಷೇಧಿಸಿದ್ದು 1977ರಲ್ಲಿ. ಅಂದರೆ ಅವರು ಆಡಿದ ಮೊದಲ ಹತ್ತು ವರ್ಷದ ಆಟವೇ ಬೇರೆ, ಕೊನೆಯ ನಾಲ್ಕು ವರ್ಷದ ಆಟವೇ ಬೇರೆ. ಹಳೆಯ ಆಟಗಾರರನ್ನು ಈಗಿನವರ ಜೊತೆ ತೂಗುವವರು ಇದನ್ನು ಮರೆಯುತ್ತಾರೆ.

ಈ ವೇಗಕ್ಕೂ ಒಂದು ಮದ್ದಿದೆ. ಅದರ ಹೆಸರು ಟ್ರ್ಯಾಪ್. ನುಗ್ಗುವವನನ್ನು ತಡೆಯಲೇಬೇಡಿ, ಬಾಗಿಲು ತೆರೆದು ಒಳಗೆ ಬಿಡಿ. ಅವನು ಎರಡು ಹೆಜ್ಜೆ ಒಳಗೆ ಬಂದಾಗ ಸಾಲಿನ ಆಚೆ ಕಡೆಯ ಗಾರ್ಡ್ ಅಡ್ಡಲಾಗಿ ಓಡಿಬಂದು ಅವನ ಪಕ್ಕೆಗೆ ಅಪ್ಪಳಿಸುತ್ತಾನೆ. ಅವನು ಬಿಟ್ಟುಬಂದ ಖಾಲಿ ಜಾಗದಲ್ಲಿ ಓಟಗಾರ ನುಸುಳುತ್ತಾನೆ. ಎಷ್ಟು ಬೇಗ ನುಗ್ಗುತ್ತೀರೋ ಹಿಂದೆ ಬಿಡುವ ಕಿಂಡಿ ಅಷ್ಟು ದೊಡ್ಡದು. ಪೇಜ್ ಅವರ ತಂಡ ಮಿನೆಸೋಟ ವೈಕಿಂಗ್ಸ್ ನಾಲ್ಕು ಸೂಪರ್ ಬೌಲ್, ಅಂದರೆ ವರ್ಷದ ಚಾಂಪಿಯನ್ ಯಾರೆಂದು ತೀರ್ಮಾನಿಸುವ ಕೊನೆಯ ಪಂದ್ಯ, ಆಡಿ ನಾಲ್ಕನ್ನೂ ಸೋತಿತು. ಆ ಸೋಲುಗಳನ್ನು ಸಾಲಾಗಿಟ್ಟು ನೋಡಿ. 1970ರ ಜನವರಿಯಲ್ಲಿ ಕ್ಯಾನ್ಸಸ್ ಸಿಟಿ 23-7ರಲ್ಲಿ ಗೆದ್ದಿತು. ಅವತ್ತು ಮೈಕ್ ಗ್ಯಾರೆಟ್ ಐದು ಗಜ ಓಡಿ ಗಳಿಸಿದ ಟಚ್‌ಡೌನ್ (ಚೆಂಡನ್ನು ಎದುರಾಳಿಯ ಗಡಿ ದಾಟಿಸುವುದು) ಟ್ರ್ಯಾಪ್ ಆಟದಿಂದಲೇ ಬಂದದ್ದು. 1974ರಲ್ಲಿ ಮಯಾಮಿ 24-7. ಅವರ ಕ್ವಾರ್ಟರ್‌ಬ್ಯಾಕ್ ಇಡೀ ದಿನ ಎಸೆದದ್ದು ಏಳೇ ಏಳು ಸಲ, ಲ್ಯಾರಿ ಝಾಂಕಾ 33 ಸಲ ಚೆಂಡು ಹಿಡಿದು 145 ಗಜ ಓಡಿದ. ಮರುವರ್ಷ ಪಿಟ್ಸ್‌ಬರ್ಗ್ 16-6, ಫ್ರ್ಯಾಂಕೊ ಹ್ಯಾರಿಸ್ 158 ಗಜ. 1977ರಲ್ಲಿ ಓಕ್‌ಲೆಂಡ್ 32-14, ಕ್ಲಾರೆನ್ಸ್ ಡೇವಿಸ್ 137 ಗಜ. ಮೂರು ಬೇರೆ ಬೇರೆ ತಂಡದ ಮೂವರು ಓಟಗಾರರು, ಒಂದೇ ಪಾಠ: ಇವರ ಮುಂದೆ ಎಸೆಯುವುದಕ್ಕೆ ಕಾಯಬೇಡಿ, ಇವರ ವೇಗವನ್ನೇ ಬಳಸಿಕೊಂಡು ಪಕ್ಕದಿಂದ ಓಡಿ. ವೈಕಿಂಗ್ಸ್‌ಗೆ ದುರದೃಷ್ಟ ಅಂತ ಹೇಳುವ ಅಭಿಮಾನಿಗಳಿದ್ದಾರೆ. ನಾಲ್ಕು ಸಲ ಒಂದೇ ಕಡೆ ಎಡವುವುದಕ್ಕೆ ದುರದೃಷ್ಟ ಅನ್ನುವುದಿಲ್ಲ.

ಓಕ್‌ಲೆಂಡ್ ಪಂದ್ಯದ ಬಗ್ಗೆ ಒಂದು ಮಾತು ಸೇರಿಸಿಬಿಡುತ್ತೇನೆ. ಅವತ್ತು ಪೇಜ್ ಎದುರು ನಿಂತಿದ್ದ ಎಡ ಗಾರ್ಡ್ ಜೀನ್ ಅಪ್‌ಶಾ. 1967ರ ಡ್ರಾಫ್ಟ್‌ನಲ್ಲಿ, ಅಂದರೆ ಕಾಲೇಜು ಆಟಗಾರರನ್ನು ತಂಡಗಳು ಸರದಿಯಂತೆ ಆರಿಸಿಕೊಳ್ಳುವ ದಿನ, ಪೇಜ್ ಹದಿನೈದನೆಯವರಾಗಿ ಹೋದರೆ ಅಪ್‌ಶಾ ಹದಿನೇಳನೆಯವರಾಗಿ ಹೋದವರು. ಮುಂದೆ 1983ರಿಂದ 2008ರವರೆಗೆ ಆಟಗಾರರ ಒಕ್ಕೂಟವನ್ನು ನಡೆಸಿದ್ದು ಈ ಅಪ್‌ಶಾ. ಪೇಜ್ ಕೂಡ ಅದೇ ಒಕ್ಕೂಟದ ಕಾರ್ಯಕಾರಿ ಸಮಿತಿಯಲ್ಲಿದ್ದವರು. ಮೈದಾನದಲ್ಲಿ ಮೂತಿಗೆ ಮೂತಿ ನಿಂತ ಇಬ್ಬರೂ ಮಾಲೀಕರ ಎದುರು ಒಂದೇ ಕಡೆ.

ಇನ್ನು ಗೆದ್ದ ಕಥೆ. ಪೇಜ್ ಹುಟ್ಟಿದ್ದು 1945ರ ಆಗಸ್ಟ್ 7, ಓಹಾಯೊದ ಕ್ಯಾಂಟನ್‌ನಲ್ಲಿ. ಉಕ್ಕಿನ ಕಾರ್ಖಾನೆಗಳ ಊರು. ಶಾಲೆಯಲ್ಲಿ ಜನಾಂಗಭೇದ ಸಲ್ಲದು ಅನ್ನುವ ಬ್ರೌನ್ ತೀರ್ಪು 1954ರಲ್ಲಿ ಬಂದಾಗ ಈ ಕಪ್ಪು ಹುಡುಗನಿಗೆ ಎಂಟು ವರ್ಷ. ನೋಟರ್ ಡೇಮ್ ವಿಶ್ವವಿದ್ಯಾಲಯಕ್ಕೆ ಆಡಿ 1966ರಲ್ಲಿ ರಾಷ್ಟ್ರೀಯ ಚಾಂಪಿಯನ್ ತಂಡದಲ್ಲಿದ್ದರು, ರಾಜ್ಯಶಾಸ್ತ್ರದಲ್ಲಿ ಪದವಿ ಪಡೆದರು. ಆ ವರ್ಷ ನವೆಂಬರ್ 19ರಂದು ನೋಟರ್ ಡೇಮ್ ಮತ್ತು ಮಿಷಿಗನ್ ಸ್ಟೇಟ್ ನಡುವೆ 10-10ರಲ್ಲಿ ಮುಗಿದ ಪಂದ್ಯದ ಬಗ್ಗೆ ಅಮೆರಿಕದಲ್ಲಿ ಈಗಲೂ ವಾದ ಮಾಡುತ್ತಾರೆ. ತಮಾಷೆ ಅಂದರೆ, ಮರುವರ್ಷ ವೈಕಿಂಗ್ಸ್ ಮೊದಲ ಸುತ್ತಿನಲ್ಲೇ ಮೂವರನ್ನು ಆರಿಸಿತು: ಕ್ಲಿಂಟ್ ಜೋನ್ಸ್, ಜೀನ್ ವಾಷಿಂಗ್ಟನ್, ಅಲನ್ ಪೇಜ್. ಮೂವರೂ ಆ ಒಂದೇ ಪಂದ್ಯದವರು. ಇಬ್ಬರು ಆ ಕಡೆ, ಒಬ್ಬರು ಈ ಕಡೆ.

ಅದೇ 1967ರಲ್ಲಿ ಬಡ್ ಗ್ರ್ಯಾಂಟ್ ಎಂಬ ಕೋಚ್ ಬಂದರು. ಮಿನೆಸೋಟದ ಚಳಿ ಎಂಥದ್ದು ಅಂತ ಅಲ್ಲಿರುವ ನಮ್ಮವರನ್ನು ಕೇಳಿ. ಬ್ಲೂಮಿಂಗ್ಟನ್‌ನ ಬಯಲು ಮೈದಾನದಲ್ಲಿ ಡಿಸೆಂಬರಿನಲ್ಲಿ ಆಡುವಾಗ ಎದುರಾಳಿಗಳು ಹೀಟರ್ ಹತ್ತಿರ ಮುದುಡಿಕೊಂಡಿದ್ದರೆ, ಗ್ರ್ಯಾಂಟ್ ತಮ್ಮ ತಂಡದ ಕಡೆ ಹೀಟರ್ ಇಡಲು ಬಿಡುತ್ತಿರಲಿಲ್ಲ. ಆ ತಂಡದ ಮುಂಚೂಣಿಯ ನಾಲ್ವರು ಎಡ ತುದಿಯಲ್ಲಿ ಕಾರ್ಲ್ ಎಲ್ಲರ್, ನಡುವೆ ಗ್ಯಾರಿ ಲಾರ್ಸನ್ ಮತ್ತು ಪೇಜ್, ಬಲ ತುದಿಯಲ್ಲಿ ಜಿಮ್ ಮಾರ್ಷಲ್. ನೇರಳೆ ಜೆರ್ಸಿಯಿಂದಾಗಿ ಅವರನ್ನು ಪರ್ಪಲ್ ಪೀಪಲ್ ಈಟರ್ಸ್ ಅಂತ ಕರೆದರು. ಮೂವರು ನುಗ್ಗಿದರೆ ಲಾರ್ಸನ್ ಹಿಂದೆ ನಿಂತು ಓಟದ ಆಟವನ್ನು ಕಾಯುತ್ತಿದ್ದರು. ಹೆಸರು ಮೂವರಿಗೆ, ದುಡಿಮೆ ಅವರದು. 1969ರಲ್ಲಿ ಹದಿನಾಲ್ಕು ಪಂದ್ಯದಲ್ಲಿ ಈ ತಂಡ ಬಿಟ್ಟುಕೊಟ್ಟದ್ದು ಒಟ್ಟು 133 ಅಂಕ. ಪಂದ್ಯಕ್ಕೆ ಹತ್ತೂ ಇಲ್ಲ.

1971ರಲ್ಲಿ ಅಸೋಸಿಯೇಟೆಡ್ ಪ್ರೆಸ್ ಸುದ್ದಿಸಂಸ್ಥೆ ಪೇಜ್ ಅವರನ್ನು ಇಡೀ ಲೀಗಿನ, ಅಂದರೆ ಎನ್‌ಎಫ್‌ಎಲ್ ಎಂಬ ವೃತ್ತಿ ತಂಡಗಳ ಕೂಟದ, ಅತ್ಯಮೂಲ್ಯ ಆಟಗಾರ ಅಂತ ಆರಿಸಿತು. ಆ ಪ್ರಶಸ್ತಿ ರಕ್ಷಣೆಯವರಿಗೆ ಬಂದದ್ದು ಅದೇ ಮೊದಲು. ಆಮೇಲೆ 1986ರಲ್ಲಿ ಲಾರೆನ್ಸ್ ಟೇಲರ್‌ಗೆ ಬಂತು. ರಕ್ಷಣೆಯವರ ಪಟ್ಟಿ ಅಲ್ಲಿಗೆ ಮುಗಿಯಿತು, ಇಬ್ಬರೇ.

ಅವರು ಎಷ್ಟು ಸ್ಯಾಕ್ ಮಾಡಿದರು ಅಂತ ಹುಡುಕಿದರೆ ನಿಮಗೆ ಎರಡು ಉತ್ತರ ಸಿಗುತ್ತವೆ. ಕ್ವಾರ್ಟರ್‌ಬ್ಯಾಕ್ ಚೆಂಡು ಎಸೆಯುವ ಮೊದಲೇ ಅವನನ್ನು ಸಾಲಿನ ಹಿಂದೆ ಕೆಡವಿದರೆ ಅದು ಸ್ಯಾಕ್. ಒಂದು ಕಡೆ 173 ಅಂತ ಇರುತ್ತದೆ, ಇನ್ನೊಂದು ಕಡೆ 148.5. ಯಾರೂ ಸುಳ್ಳು ಹೇಳುತ್ತಿಲ್ಲ. ಲೀಗ್ ಸ್ಯಾಕ್‌ಗಳನ್ನು ಅಧಿಕೃತವಾಗಿ ಲೆಕ್ಕ ಇಡಲು ಶುರು ಮಾಡಿದ್ದು 1982ರಲ್ಲಿ. ಪೇಜ್ ನಿವೃತ್ತರಾದದ್ದು 1981ರಲ್ಲಿ. ಆದ್ದರಿಂದ ಅಧಿಕೃತ ದಾಖಲೆಯಲ್ಲಿ ಅವರ ಸ್ಯಾಕ್ ಒಂದೂ ಇಲ್ಲ. ಹಳೆಯ ಪಂದ್ಯಗಳ ಕಾಗದ, ಫಿಲಂ ತೆಗೆದು ಆಮೇಲೆ ಎಣಿಸಿದವರು ಇಬ್ಬರು ಸೇರಿ ಕೆಡವಿದಾಗ ಅರ್ಧರ್ಧ ಹಂಚಿದ್ದನ್ನು ಬೇರೆ ಬೇರೆ ರೀತಿ ಎಣಿಸಿದ್ದಾರೆ. ಎದುರಾಳಿ ಕೈಬಿಟ್ಟ ಚೆಂಡು ಹಿಡಿದದ್ದು 23, ಎದುರಾಳಿ ಚೆಂಡನ್ನು ಒದ್ದಾಗ ಆ ಒದೆತ ತಡೆದದ್ದು 28. ನಾನು ಈ 28ನ್ನು ಹೆಚ್ಚು ನಂಬುತ್ತೇನೆ. ಒದೆತ ತಡೆದದ್ದು ಎಲ್ಲರ ಕಣ್ಣಿಗೂ ಬೀಳುತ್ತದೆ, ಅದರಲ್ಲಿ ಪಾಲು ಹಂಚುವ ತಕರಾರಿಲ್ಲ.

ಇಷ್ಟು ಆಡುತ್ತಿದ್ದಾಗಲೇ ಅವರು 1970ರಿಂದ ತಂಡದ ಕಡೆಯಿಂದ ಆಟಗಾರರ ಒಕ್ಕೂಟದ ಪ್ರತಿನಿಧಿ. ಆಗ ಲೀಗಿನಲ್ಲಿ ರೋಝೆಲ್ ನಿಯಮ ಅಂತ ಒಂದಿತ್ತು, ಲೀಗಿನ ಮುಖ್ಯಸ್ಥ, ಕಮಿಷನರ್ ಪೀಟ್ ರೋಝೆಲ್ ಹೆಸರಿನದು. ನಿಮ್ಮ ಒಪ್ಪಂದ ಮುಗಿಯಿತು, ಬೇರೆ ತಂಡಕ್ಕೆ ಹೋಗುತ್ತೀರಿ ಅಂದುಕೊಳ್ಳಿ. ಹೊಸ ತಂಡ ಹಳೆಯ ತಂಡಕ್ಕೆ ಪರಿಹಾರ ಕೊಡಬೇಕು. ಅವರಿಬ್ಬರೂ ಒಪ್ಪದಿದ್ದರೆ ಯಾವ ಆಟಗಾರನನ್ನು ಕಿತ್ತು ಕೊಡಬೇಕು ಅಂತ ಕಮಿಷನರ್ ತಮಗೆ ತೋಚಿದಂತೆ ತೀರ್ಮಾನಿಸುತ್ತಾರೆ. ಯಾರನ್ನು ಕಳೆದುಕೊಳ್ಳುತ್ತೇವೆ ಅಂತ ಮೊದಲೇ ಗೊತ್ತಿಲ್ಲದ ಮೇಲೆ ಯಾವ ತಂಡ ತಾನೇ ಮುಂದೆ ಬಂದೀತು? 1963ರಿಂದ 1974ರವರೆಗೆ 176 ಆಟಗಾರರು ಒಪ್ಪಂದದ ಅವಧಿ ಪೂರ್ತಿ ಮುಗಿಸಿ ಹೊರಬಂದರು. ಬೇರೆ ತಂಡ ಸೇರಲು ಆದದ್ದು 34 ಜನಕ್ಕೆ. ಕಮಿಷನರ್ ಖುದ್ದಾಗಿ ಪರಿಹಾರ ತೀರ್ಮಾನಿಸಿದ್ದು ನಾಲ್ಕು ಸಲ ಮಾತ್ರ. ಬೇಕಾಗಿದ್ದೂ ಅಷ್ಟೇ, ಉಳಿದದ್ದನ್ನು ಭಯವೇ ನೋಡಿಕೊಂಡಿತು.

1974ರ ಬೇಸಿಗೆಯಲ್ಲಿ ಸ್ವಾತಂತ್ರ್ಯ ಇಲ್ಲದಿದ್ದರೆ ಫುಟ್‌ಬಾಲ್ ಇಲ್ಲ ಅಂತ ಆಟಗಾರರು ತರಬೇತಿ ಶಿಬಿರಗಳ ಹೊರಗೆ ಮುಷ್ಕರ ಕೂತರು. ಆರು ವಾರದಲ್ಲಿ ಮುಷ್ಕರ ಮುರಿದುಬಿತ್ತು. ಬೀದಿಯಲ್ಲಿ ಸೋತದ್ದನ್ನು ಕೋರ್ಟಿನಲ್ಲಿ ಗೆದ್ದರು. ಜಾನ್ ಮ್ಯಾಕಿ ಮತ್ತು ಇತರ ಆಟಗಾರರು ಹೂಡಿದ ದಾವೆಯಲ್ಲಿ ಮಿನಿಯಾಪೊಲಿಸ್‌ನ ಫೆಡರಲ್ ನ್ಯಾಯಾಧೀಶ ಅರ್ಲ್ ಲಾರ್ಸನ್ 1975ರ ಕೊನೆಯಲ್ಲಿ ಆ ನಿಯಮ ಏಕಸ್ವಾಮ್ಯ ವಿರೋಧಿ ಕಾನೂನಿಗೆ ವಿರುದ್ಧ ಅಂದರು, ಮರುವರ್ಷ ಮೇಲ್ಮನವಿ ನ್ಯಾಯಾಲಯವೂ ಆ ನಿಯಮವನ್ನು ಎತ್ತಿಹಿಡಿಯಲಿಲ್ಲ. ಗೆದ್ದ ಮೇಲೆ ಒಕ್ಕೂಟ 1977ರ ಒಪ್ಪಂದದಲ್ಲಿ ಅದರಲ್ಲಿ ಬಹುಪಾಲನ್ನು ಮಾತುಕತೆಯಲ್ಲೇ ಬಿಟ್ಟುಕೊಟ್ಟಿತು. ಕಾರ್ಮಿಕ ಕಾನೂನು ಓದುವವರಿಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಬೇಡ: ತೀರ್ಪು ಕೈಯಲ್ಲಿದ್ದರೂ ಅದನ್ನು ಉಳಿಸಿಕೊಳ್ಳಲು ಸಂಘಟನೆಯಲ್ಲಿ ಬಲ ಇರಬೇಕು.

ಪೇಜ್ ಕಾನೂನು ಓದಲು ಹೊರಟದ್ದು ಈ ಹಿನ್ನೆಲೆಯಲ್ಲಿ. ಆಟದ ಮೊದಲ ವರ್ಷಗಳಲ್ಲಿ ಒಂದು ಕಾನೂನು ಕಾಲೇಜು ಸೇರಿ ಕೆಲವೇ ವಾರಕ್ಕೆ ಬಿಟ್ಟಿದ್ದರು. ಎರಡನೇ ಸಲ 1975ರಲ್ಲಿ ಮಿನೆಸೋಟ ವಿಶ್ವವಿದ್ಯಾಲಯಕ್ಕೆ ಸೇರಿ, ಆಡುತ್ತಲೇ ಓದಿ, 1978ರಲ್ಲಿ ಪದವಿ ಪಡೆದರು. ಅಲ್ಲಿ ಶೈಕ್ಷಣಿಕ ವರ್ಷ ಶುರುವಾಗುವುದು ಸೆಪ್ಟೆಂಬರ್ ಹೊತ್ತಿಗೆ. ಫುಟ್‌ಬಾಲ್ ಋತುವೂ ಅದೇ ತಿಂಗಳು. ಭಾನುವಾರ ಪಂದ್ಯ, ವಾರದ ನಡುವೆ ಅಭ್ಯಾಸ ಮತ್ತು ಎದುರಾಳಿಯ ಫಿಲಂ, ಅದರ ನಡುವೆ ತರಗತಿ. ನಿವೃತ್ತಿಯ ನಂತರ ನೋಡೋಣ ಅಂದುಕೊಳ್ಳುವ ಆಟಗಾರರಿಗೆ ಮೂವತ್ತನಾಲ್ಕು, ಮೂವತ್ತೈದರಲ್ಲಿ ಎಲ್ಲವನ್ನೂ ಮೊದಲಿನಿಂದ ಶುರುಮಾಡುವ ಪಾಡು ಬರುತ್ತದೆ. ಪೇಜ್ ಅಷ್ಟರಲ್ಲಿ ವಕೀಲರಾಗಿದ್ದರು.

ಅದೇ ಹೊತ್ತಿಗೆ ಅವರಿಗೆ ಓಟದ ಹುಚ್ಚು ಹಿಡಿದಿತ್ತು. ಹೆಂಡತಿ ಡಯಾನ್ ಸಿಗರೇಟು ಬಿಡಲು ಓಡುವುದನ್ನು ಶುರು ಮಾಡಿದರು, ಇವರೂ ಜೊತೆಗೆ ಹೊರಟರು. ಆಕೆಗಿಂತ ಇವರಿಗೇ ಅದು ಹೆಚ್ಚು ಅಂಟಿತು. ತೂಕ 225 ಪೌಂಡಿನ ಆಸುಪಾಸಿಗೆ, ಅಂದರೆ ನೂರಾಎರಡು ಕಿಲೊಗೆ ಇಳಿಯಿತು. ಡಿಫೆನ್ಸಿವ್ ಟ್ಯಾಕಲ್‌ಗೆ ಇದು ಅಪಾಯದ ತೂಕ. ಇಬ್ಬರು ಸೇರಿ ಒಬ್ಬನನ್ನು ಒತ್ತಿದಾಗ ನೆಲಕ್ಕೆ ಬೇರೂರಿ ನಿಲ್ಲಲು ಭಾರ ಬೇಕು, ಬರೀ ವೇಗ ಸಾಲದು. ಗ್ರ್ಯಾಂಟ್ ವಾದವೂ ಅದೇ. ಕೋಚ್ ಹೇಳಿದ್ದರಲ್ಲಿ ಹುರುಳಿಲ್ಲ ಅನ್ನಲಾರೆ. 1978ರ ಅಕ್ಟೋಬರಿನಲ್ಲಿ, ಋತುವಿನ ನಡುವೆಯೇ, ವೈಕಿಂಗ್ಸ್ ಅವರನ್ನು ಬಿಟ್ಟಿತು. ಷಿಕಾಗೊ ಬೇರ್ಸ್ ಅವರನ್ನು ಎತ್ತಿಕೊಂಡಿತು. ಕೊಟ್ಟ ಬೆಲೆ ನಿಯಮದಂತೆ ನೂರು ಡಾಲರ್.

ಆ ನೂರು ಡಾಲರಿಗೆ ಬಂದದ್ದೇನು ನೋಡಿ. ಬೇರ್ಸ್‌ಗೆ 58 ಪಂದ್ಯ ಆಡಿ, ಹಳೆಯ ಲೆಕ್ಕದ ಪ್ರಕಾರ ಸುಮಾರು ನಲವತ್ತು ಸ್ಯಾಕ್. ಒಂದು ಪಂದ್ಯವನ್ನೂ ತಪ್ಪಿಸಿಕೊಳ್ಳಲಿಲ್ಲ. 1967ರಿಂದ 1977ರವರೆಗೆ ವರ್ಷಕ್ಕೆ ಹದಿನಾಲ್ಕು ಪಂದ್ಯ, ಹನ್ನೊಂದು ವರ್ಷಕ್ಕೆ 154. 1978ರಿಂದ ವರ್ಷಕ್ಕೆ ಹದಿನಾರು, ನಾಲ್ಕು ವರ್ಷಕ್ಕೆ 64. ಒಟ್ಟು 218. ಪೇಜ್ ಆಡಿದ್ದು 218. ತಂಡ ಬದಲಾದ ಆ ವಾರವೂ ಅವರು ಮೈದಾನದಲ್ಲಿದ್ದರು. 1979ರಲ್ಲಿ ಮ್ಯಾರಥಾನ್ ಮುಗಿಸಿದರು, ಆಟದಲ್ಲಿದ್ದುಕೊಂಡೇ ಅದನ್ನು ಮಾಡಿದ ಮೊದಲ ಎನ್‌ಎಫ್‌ಎಲ್ ಆಟಗಾರ. 42 ಕಿಲೋಮೀಟರ್ ಓಡುವ ಮೈಯೂ ಮೂರು ಸೆಕೆಂಡು ಸ್ಫೋಟಿಸುವ ಮೈಯೂ ಬೇರೆ ಬೇರೆ ಅಂತ ವ್ಯಾಯಾಮ ಶಿಕ್ಷಕರು ಹೇಳುತ್ತಾರೆ. ಅದು ನಿಜವೂ ಹೌದು. ಬೇರೆಯವರಿಗೆ ಇದನ್ನು ಅನುಸರಿಸಿ ಅಂತ ನಾನಂತೂ ಹೇಳುವುದಿಲ್ಲ.

1979ರಿಂದ ಋತು ಮುಗಿದ ತಿಂಗಳುಗಳಲ್ಲಿ ಮಿನಿಯಾಪೊಲಿಸ್‌ನ ಲಿಂಡ್‌ಕ್ವಿಸ್ಟ್ ಅಂಡ್ ವೆನಮ್ ಎಂಬ ವಕೀಲರ ಸಂಸ್ಥೆಯಲ್ಲಿ ಕೆಲಸ. 1981ರಲ್ಲಿ ಆಟ ಬಿಟ್ಟ ಮೇಲೆ ಅಲ್ಲೇ ಪೂರ್ಣಾವಧಿ. 1985ರಿಂದ ರಾಜ್ಯದ ಅಟಾರ್ನಿ ಜನರಲ್ ಕಚೇರಿಯಲ್ಲಿ. ಅಲ್ಲಿಂದ ಮುಂದಿನ ಹೆಜ್ಜೆಯನ್ನು ಸ್ವಲ್ಪ ನಿಧಾನವಾಗಿ ಹೇಳಬೇಕು.

ಮಿನೆಸೋಟದಲ್ಲಿ ಜಡ್ಜ್‌ಗಳನ್ನು ಜನ ಚುನಾಯಿಸುತ್ತಾರೆ. ನಮಗೆ ಇದು ವಿಚಿತ್ರ ಅನಿಸುತ್ತದೆ. ರಾಜ್ಯದ ಸುಪ್ರೀಂ ಕೋರ್ಟ್ ಅಂದರೆ ನಮ್ಮ ಹೈಕೋರ್ಟ್ ಇರುವ ಜಾಗ ಅಂದುಕೊಳ್ಳಿ. ಏಳು ನ್ಯಾಯಮೂರ್ತಿಗಳು, ಆರು ವರ್ಷದ ಅವಧಿ, ಪಕ್ಷದ ಚಿಹ್ನೆ ಇಲ್ಲದ ಚುನಾವಣೆ. ಕಾಗದದ ಮೇಲೆ ಹೀಗಿದೆ. ನಡೆಯುವುದು ಬೇರೆ. ನ್ಯಾಯಮೂರ್ತಿಗಳು ಅವಧಿ ಮುಗಿಯುವ ಮೊದಲೇ ನಿವೃತ್ತರಾಗುತ್ತಾರೆ, ಖಾಲಿ ಜಾಗಕ್ಕೆ ಗವರ್ನರ್ ತಮಗೆ ಬೇಕಾದವರನ್ನು ನೇಮಿಸುತ್ತಾರೆ. ಅಲ್ಲಿನ ಗವರ್ನರ್ ಅಂದರೆ ನಮ್ಮ ರಾಜ್ಯಪಾಲರಂತಲ್ಲ, ಜನರಿಂದ ಆರಿಸಿಬಂದವರು, ಅಧಿಕಾರದಲ್ಲಿ ನಮ್ಮ ಮುಖ್ಯಮಂತ್ರಿಗೆ ಹತ್ತಿರ. ಹಾಗೆ ನೇಮಕವಾದವರು ಮುಂದಿನ ಚುನಾವಣೆಯಲ್ಲಿ ಹಾಲಿ ನ್ಯಾಯಮೂರ್ತಿ ಅನ್ನುವ ಗುರುತಿನೊಂದಿಗೆ ಮತಪತ್ರದಲ್ಲಿ ಇರುತ್ತಾರೆ, ಗೆಲ್ಲುತ್ತಾರೆ. ಖಾಲಿ ಕುರ್ಚಿಗೆ ಹೊರಗಿನವರು ನೇರವಾಗಿ ನಿಂತು ಗೆಲ್ಲುವುದು ಬಹಳ ಅಪರೂಪ.

1992ರಲ್ಲಿ ಒಬ್ಬ ನ್ಯಾಯಮೂರ್ತಿಯ ಅವಧಿ ಮುಗಿಯುತ್ತಿತ್ತು. ಪೇಜ್ ಆ ಸ್ಥಾನಕ್ಕೆ ನಿಲ್ಲಲು ಸಿದ್ಧರಾದರು. ಆಗ ಗವರ್ನರ್ ಆರ್ನೆ ಕಾರ್ಲ್‌ಸನ್ ಆ ನ್ಯಾಯಮೂರ್ತಿಯ ಅವಧಿಯನ್ನು ವಿಸ್ತರಿಸಿದರು. ಪಿಂಚಣಿಗೆ ಬೇಕಾದ ವರ್ಷ ತುಂಬಿಸಿಕೊಳ್ಳಲು ಅವಕಾಶ ಕೊಡುವ ಒಂದು ಕಾಯ್ದೆ ಇತ್ತು, ಅದರಡಿಯಲ್ಲಿ. ಅವಧಿ ವಿಸ್ತರಣೆಯಾದರೆ ಆ ವರ್ಷ ಚುನಾವಣೆ ಇಲ್ಲ. ಆಮೇಲೆ ನ್ಯಾಯಮೂರ್ತಿ ನಡುವೆ ನಿವೃತ್ತರಾದರೆ ನೇಮಕ ಮತ್ತೆ ಗವರ್ನರ್ ಕೈಗೆ. ಪೇಜ್ ಕೋರ್ಟಿಗೆ ಹೋದರು. ಯಾವ ಕೋರ್ಟಿಗೆ? ತಾವು ಸೇರಬೇಕು ಅಂತಿದ್ದ ಅದೇ ಸುಪ್ರೀಂ ಕೋರ್ಟಿಗೆ. ಅಲ್ಲಿನ ನ್ಯಾಯಮೂರ್ತಿಗಳು ತಮ್ಮ ಸಹೋದ್ಯೋಗಿಯ ಕುರ್ಚಿಯ ವಿಷಯ ತಾವೇ ತೀರ್ಮಾನಿಸಲಾಗದು ಅಂತ ಹಿಂದೆ ಸರಿದರು. ಬೇರೆ ನ್ಯಾಯಾಧೀಶರ ವಿಶೇಷ ಪೀಠ ಕೂತು ಪೇಜ್ ವರ್ಸಸ್ ಕಾರ್ಲ್‌ಸನ್ ಪ್ರಕರಣವನ್ನು ಕೇಳಿತು. ಸಂವಿಧಾನ ಜನರಿಗೆ ಕೊಟ್ಟ ಆಯ್ಕೆಯನ್ನು ಹೀಗೆ ಮುಂದೂಡಲಾಗದು, ಚುನಾವಣೆ ನಡೆಯಲೇಬೇಕು ಅಂತ ತೀರ್ಪು ಬಂತು. ನವೆಂಬರಿನಲ್ಲಿ ಪೇಜ್ ಗೆದ್ದರು. 1993ರ ಜನವರಿಯಲ್ಲಿ ಆ ನ್ಯಾಯಾಲಯದ ಮೊದಲ ಕಪ್ಪು ನ್ಯಾಯಮೂರ್ತಿಯಾಗಿ ಪ್ರಮಾಣ ಸ್ವೀಕರಿಸಿದರು.

ಆಟದ ಹೆಸರು ನೆರವಾಗಲಿಲ್ಲವೇ? ಆಯಿತು, ಖಂಡಿತ. ಮಿನೆಸೋಟದಲ್ಲಿ 88ನೇ ನಂಬರಿನ ನೇರಳೆ ಜೆರ್ಸಿ ಯಾರದ್ದು ಅಂತ ಕೇಳಬೇಕಾಗಿರಲಿಲ್ಲ. ಚುನಾವಣೆಯಲ್ಲಿ ಮತ ತಂದದ್ದು ಆ ಹೆಸರು ಅಂತಲೇ ಇಟ್ಟುಕೊಳ್ಳಿ. ಚುನಾವಣೆ ನಡೆಯುವಂತೆ ಮಾಡಿದ್ದು ಮಾತ್ರ ಕಾಯ್ದೆಯ ಪುಸ್ತಕ. 1998, 2004, 2010ರಲ್ಲಿ ಮತ್ತೆ ಆರಿಸಿಬಂದರು. ಕುತ್ತಿಗೆಗೆ ಬೋ ಟೈ ಕಟ್ಟುವುದು ಅವರ ಗುರುತಾಯಿತು. ಅಲ್ಲಿನ ಕಾನೂನಿನಲ್ಲಿ ಜಡ್ಜ್‌ಗೆ ಎಪ್ಪತ್ತು ತುಂಬಿದ ತಿಂಗಳ ಕೊನೆಗೆ ಕಡ್ಡಾಯ ನಿವೃತ್ತಿ. ನಮ್ಮ ಹೈಕೋರ್ಟಿನಲ್ಲಿ ಅರವತ್ತೆರಡು, ಸುಪ್ರೀಂ ಕೋರ್ಟಿನಲ್ಲಿ ಅರವತ್ತೈದು ಇದ್ದ ಹಾಗೆ. 2015ರ ಆಗಸ್ಟ್ 31ರಂದು ಪೇಜ್ ಕೆಳಗಿಳಿದರು.

ಸ್ವಲ್ಪ ಹಿಂದೆ ಹೋಗಬೇಕು, 1988ಕ್ಕೆ. ಆ ವರ್ಷ ಕ್ಯಾಂಟನ್‌ನ ಪ್ರೊ ಫುಟ್‌ಬಾಲ್ ಹಾಲ್ ಆಫ್ ಫೇಮ್‌ನಲ್ಲಿ ಅವರ ಕಂಚಿನ ತಲೆ ಇಟ್ಟರು. ಆ ಕಟ್ಟಡ ಏಳುತ್ತಿದ್ದಾಗ ಅಲ್ಲಿ ಕೂಲಿ ಮಾಡಿದ ಹುಡುಗರಲ್ಲಿ ಪೇಜ್ ಕೂಡ ಒಬ್ಬರು. ಸಾಮಾನ್ಯವಾಗಿ ಇಂಥ ಸಮಾರಂಭದಲ್ಲಿ ಆಟಗಾರನನ್ನು ಪರಿಚಯಿಸಲು ಹಳೆಯ ಕೋಚ್ ಬರುತ್ತಾರೆ, ಇಲ್ಲವೇ ಜೊತೆ ಆಟಗಾರ. ಪೇಜ್ ಕರೆತಂದದ್ದು ಮಿನಿಯಾಪೊಲಿಸ್‌ನ ಒಂದು ಸರ್ಕಾರಿ ಹೈಸ್ಕೂಲಿನ ಮುಖ್ಯೋಪಾಧ್ಯಾಯಿನಿ ವಿಲರೀನ್ ಬೀಸ್ಲಿಯನ್ನು. ಭಾಷಣ ಮಾಡಿದ್ದು ಓದಿನ ಬಗ್ಗೆ.

ಅದೇ ವರ್ಷ ಡಯಾನ್ ಮತ್ತು ಅವರು ಸೇರಿ ಪೇಜ್ ಎಜುಕೇಶನ್ ಫೌಂಡೇಶನ್ ಶುರು ಮಾಡಿದರು. ಬಿಳಿಯರಲ್ಲದ ಮಕ್ಕಳಿಗೆ ಹೈಸ್ಕೂಲಿನ ನಂತರ ಓದಲು ವಿದ್ಯಾರ್ಥಿವೇತನ. ಇಲ್ಲಿ ದತ್ತಿನಿಧಿ ನಡೆಸುವವರು ಯಾರಾದರೂ ಇದ್ದರೆ ಅದರ ಷರತ್ತನ್ನು ಗಮನಿಸಬೇಕು. ಹಣ ಪಡೆದ ಪ್ರತಿ ವಿದ್ಯಾರ್ಥಿಯೂ ವರ್ಷಕ್ಕೆ ಐವತ್ತು ಗಂಟೆ, ಎಂಟನೇ ತರಗತಿವರೆಗಿನ ಮಕ್ಕಳ ಜೊತೆ ಕೂತು ಪಾಠ ಹೇಳಿಕೊಡಬೇಕು. ಕಾಲೇಜಿಗೆ ಹೋದ ಅಕ್ಕನೋ ಅಣ್ಣನೋ, ತಮ್ಮದೇ ಕೇರಿಯವರು, ತಮ್ಮದೇ ಬಣ್ಣದವರು, ಪಕ್ಕದಲ್ಲಿ ಕೂತು ಲೆಕ್ಕ ಮಾಡಿಸುವುದನ್ನು ಏಳು ವರ್ಷದ ಮಗು ನೋಡಬೇಕು ಅನ್ನುವುದು ಲೆಕ್ಕಾಚಾರ. ದುಡ್ಡು ಒಬ್ಬರಿಗೆ, ಉಪಯೋಗ ಎರಡು ತಲೆಮಾರಿಗೆ. ಬರೀ ಅಂಕಪಟ್ಟಿ ನೋಡಿ ಚೆಕ್ ಕೊಟ್ಟು ಫೋಟೊ ತೆಗೆಸಿಕೊಳ್ಳುವ ನಮ್ಮ ಸಂಘಗಳು ಈ ಐವತ್ತು ಗಂಟೆಯನ್ನು ಎರವಲು ಪಡೆದರೆ ಯಾರೂ ಬಾಡಿಗೆ ಕೇಳುವುದಿಲ್ಲ.

ಅವರ ಫೋಟೊ ನೋಡಿದರೆ ಕೈಯನ್ನು ಗಮನಿಸಿ. ಒಂದು ಕಿರುಬೆರಳು ಹೊರಕ್ಕೆ ಹೆಚ್ಚುಕಡಿಮೆ ಲಂಬಕೋನದಲ್ಲಿ ತಿರುಗಿದೆ. ಆಟದಲ್ಲಿ ಕೀಲು ತಪ್ಪಿದ್ದು, ಮತ್ತೆ ಜಾಗಕ್ಕೆ ಕೂರಲಿಲ್ಲ. ಎದುರಾಳಿಯ ಜೆರ್ಸಿ ಹಿಡಿದ ಕೈಯಲ್ಲಿ ಮೊದಲು ಹೋಗುವುದು ಆ ಬೆರಳೇ. ಮಕ್ಕಳು ನೋಡಿ ಕೇಳದೆ ಬಿಡುವುದಿಲ್ಲ. ಆ ಬೆರಳನ್ನೇ ನೆಪ ಮಾಡಿಕೊಂಡು ಅವರು ಮಗಳ ಜೊತೆ ಮಕ್ಕಳ ಪುಸ್ತಕವನ್ನೂ ಬರೆದರು. ಮಿನಿಯಾಪೊಲಿಸ್‌ನಲ್ಲಿ ಮ್ಯಾರಥಾನ್ ನಡೆಯುವ ದಿನ ರಸ್ತೆ ಬದಿಯಲ್ಲಿ ನಿಂತು, ಮೈಗೆ ಸುತ್ತಿಕೊಳ್ಳುವ ಸೂಸಫೋನ್ ಎಂಬ ದೊಡ್ಡ ಕಹಳೆ ಊದಿ ಓಟಗಾರರನ್ನು ಹುರಿದುಂಬಿಸುವುದೂ ಉಂಟು. 2017ರಲ್ಲಿ ಅದೇ ಊರಿನ ಅಲೆಕ್ಸಾಂಡರ್ ರ‍್ಯಾಮ್ಸೆ ಶಾಲೆಯ ಮಕ್ಕಳೇ ಒತ್ತಾಯ ಮಾಡಿ ಶಾಲೆಗೆ ಜಸ್ಟಿಸ್ ಪೇಜ್ ಮಿಡ್ಲ್ ಸ್ಕೂಲ್ ಅಂತ ಹೆಸರು ಬದಲಿಸಿದರು. 2018ರ ಸೆಪ್ಟೆಂಬರಿನಲ್ಲಿ ಡಯಾನ್ ತೀರಿಕೊಂಡರು. ಆರೇಳು ವಾರ ಕಳೆದು, ನವೆಂಬರಿನಲ್ಲಿ, ಪೇಜ್ ಅವರಿಗೆ ಅಮೆರಿಕದ ಅತ್ಯುನ್ನತ ನಾಗರಿಕ ಗೌರವವಾದ ಪ್ರೆಸಿಡೆನ್ಷಿಯಲ್ ಮೆಡಲ್ ಆಫ್ ಫ್ರೀಡಂ ಬಂತು.

2020ರ ಜನವರಿಯಲ್ಲಿ, ಎಪ್ಪತ್ತನಾಲ್ಕರ ವಯಸ್ಸಿನಲ್ಲಿ, ಅವರು ರಾಜ್ಯದ ಸಂವಿಧಾನಕ್ಕೇ ಕೈಹಾಕಿದರು. ಜೊತೆಗಿದ್ದವರು ಮಿನಿಯಾಪೊಲಿಸ್ ಫೆಡರಲ್ ರಿಸರ್ವ್ ಬ್ಯಾಂಕಿನ ಅಧ್ಯಕ್ಷ ನೀಲ್ ಕಷ್ಕರಿ, ಕಾಶ್ಮೀರ ಮೂಲದ ತಂದೆತಾಯಿಯ ಮಗ. ಮಿನೆಸೋಟದಲ್ಲಿ ಬಿಳಿಯ ಮಕ್ಕಳಿಗೂ ಕಪ್ಪು, ಮೂಲನಿವಾಸಿ ಮಕ್ಕಳಿಗೂ ಓದಿನಲ್ಲಿ ಇರುವ ಅಂತರ ಇಡೀ ದೇಶದಲ್ಲೇ ಕೆಟ್ಟದ್ದರ ಸಾಲಿಗೆ ಸೇರುತ್ತದೆ. 1857ರ ಸಂವಿಧಾನದಲ್ಲಿರುವ ಮಾತು ಏನು? ಸಾಮಾನ್ಯವೂ ಏಕರೂಪವೂ ಆದ ಸಾರ್ವಜನಿಕ ಶಾಲೆಗಳ ವ್ಯವಸ್ಥೆ ಮಾಡುವುದು ಶಾಸಕಾಂಗದ ಕರ್ತವ್ಯ. ಇದರಲ್ಲಿ ವ್ಯವಸ್ಥೆ ಇದೆ, ಶಾಸಕಾಂಗ ಇದೆ, ಮಗು ಇಲ್ಲ. ಅದನ್ನು ತೆಗೆದು, ಗುಣಮಟ್ಟದ ಸಾರ್ವಜನಿಕ ಶಿಕ್ಷಣ ಪ್ರತಿ ಮಗುವಿನ ಮೂಲಭೂತ ಹಕ್ಕು ಅಂತ ಬರೆಯಬೇಕು ಅನ್ನುವುದು ಪೇಜ್ ತಿದ್ದುಪಡಿ. ಹಕ್ಕು ಅಂತ ಬರೆದರೆ ತಾಯಿತಂದೆ ಕೋರ್ಟಿನ ಬಾಗಿಲು ತಟ್ಟಬಹುದು.

ವಿರೋಧವೂ ಸಣ್ಣದಲ್ಲ. ರಾಜ್ಯದ ಶಿಕ್ಷಕರ ಸಂಘವೇ ಬೇಡ ಅಂದಿತು. ಹಳೆಯ ವಾಕ್ಯ ಕಿತ್ತರೆ ಶಾಸಕಾಂಗದ ಹೊಣೆ ಸಡಿಲವಾಗುತ್ತದೆ, ಸರ್ಕಾರಿ ಹಣ ಖಾಸಗಿ ಶಾಲೆಗಳಿಗೆ ಹರಿಯಲು ದಾರಿಯಾಗುತ್ತದೆ ಅನ್ನುವ ಆತಂಕ. ಈ ಆತಂಕವನ್ನು ಸುಮ್ಮನೆ ತಳ್ಳಿಹಾಕುವಂತಿಲ್ಲ, ಸಂವಿಧಾನದಲ್ಲಿ ಒಂದು ಪದ ಹೋದರೆ ಅದರ ಜೊತೆ ನೂರು ತೀರ್ಪು ಹೋಗುತ್ತವೆ. ತಿದ್ದುಪಡಿ ಮತಪತ್ರಕ್ಕೆ ಹೋಗಬೇಕಾದರೆ ಮೊದಲು ಎರಡೂ ಸದನಗಳಲ್ಲಿ ಬಹುಮತ ಬೇಕು. ಆ ಮೆಟ್ಟಿಲನ್ನೇ ಅದು ದಾಟಲಿಲ್ಲ. ದಾಟಿದ್ದರೂ ಮುಂದೆ ಇನ್ನೊಂದು ನಿಯಮ ಕಾದಿತ್ತು. ಮಿನೆಸೋಟದಲ್ಲಿ ಸಂವಿಧಾನ ತಿದ್ದುಪಡಿ ಗೆಲ್ಲಲು ಆ ಪ್ರಶ್ನೆಗೆ ಉತ್ತರಿಸಿದವರ ಬಹುಮತ ಸಾಲದು, ಅವತ್ತು ಮತ ಹಾಕಲು ಬಂದ ಎಲ್ಲರ ಬಹುಮತ ಬೇಕು. ಗವರ್ನರ್‌ಗೆ ಮತ ಹಾಕಿ ತಿದ್ದುಪಡಿಯ ಚೌಕವನ್ನು ಖಾಲಿ ಬಿಟ್ಟುಬಂದವರ ಮತವನ್ನೂ ಬೇಡ ಅಂತಲೇ ಎಣಿಸುತ್ತಾರೆ.